ತಾತನ ಮಾತ್ರೆ, ನನ್ನ ಹೊಟ್ಟೆ

ಹೇಳಿದರೆ ನೀವು ನಂಬುವುದಿಲ್ಲ. ಪರವಾಗಿಲ್ಲ, ನನ್ನ ಹೊಟ್ಟೆಯನ್ನು ಕೇಳಿ. ಈ ಬೇಸಿಗೆಯಲ್ಲಿ ಶಿಡ್ಲಘಟ್ಟ ತಾಲ್ಲೂಕಿನಲ್ಲಿ ಇಳಿಸಿದ ಎಳನೀರಲ್ಲಿ ಅರ್ಧ ಅದರೊಳಕ್ಕೇ ಹೋಗಿದೆ. ಎಲ್ಲ ತಾತನಿಗೋಸ್ಕರ.

ತಾತನ ಬಿಪಿ ನನಗಿಂತ ಹಳೆಯದು. ಅದರ ಜೊತೆ ಗುದ್ದಾಡಿ ಗುದ್ದಾಡಿ ಅವರ ಹೃದಯ ಸೋತಿತ್ತು. ಕಾಲು ಊದಿ ಊದಿ ಪಾದ ಯಾವುದು, ದಿಂಬು ಯಾವುದು ಗೊತ್ತಾಗುತ್ತಿರಲಿಲ್ಲ. ಮಲಗಿದರೆ ಉಸಿರು ಕಟ್ಟುತ್ತಿತ್ತು, ಗೋಡೆಗೆ ಒರಗಿ ಕೂತೇ ನಿದ್ದೆ. ಚಿಕ್ಕಬಳ್ಳಾಪುರದ ಡಾಕ್ಟರು ಹಳೇ ಮಾತ್ರೆಗಳ ಜೊತೆಗೆ ಹೊಸದೊಂದು ಸೇರಿಸಿದರು. ನಾನು ಪಿಯುಸಿ ಸೈನ್ಸು ಅಂತ ತಿಳಿದ ಮೇಲೆ ನನಗೇ ಬಿಡಿಸಿ ಹೇಳಿದರು.

ಹೃದಯ ಸೋತಾಗ ಮೈ ಗಾಬರಿಯಾಗಿ ಆಲ್ಡೋಸ್ಟೆರಾನ್ ಅನ್ನುವ ಹಾರ್ಮೋನನ್ನು ಜಾಸ್ತಿ ಮಾಡುತ್ತದಂತೆ. ಅದು ಕಿಡ್ನಿಗೆ ಉಪ್ಪು ಬಿಡಬೇಡ, ನೀರು ಬಿಡಬೇಡ ಎಂದು ಹೇಳುತ್ತಲೇ ಇರುತ್ತದೆ. ಥೇಟ್ ನಮ್ಮ ಬೋರ್‌ವೆಲ್ ಸೀಮೆಯವರ ಬುದ್ಧಿ, ನೀರು ಕಂಡರೆ ಕೂಡಿಡುವುದು. ಆ ನೀರೆಲ್ಲ ಕಾಲಿಗೂ ಶ್ವಾಸಕೋಶಕ್ಕೂ ಇಳಿಯುತ್ತದೆ, ಬಿಪಿ ಏರುತ್ತದೆ. ಗೌರಿಬಿದನೂರು ಬಸ್ಸಿನ ಕಿಟಕಿಯಿಂದ ಸೀಟಿಗೆ ಟವೆಲ್ ಎಸೆಯುತ್ತಾರಲ್ಲ, ಹೊಸ ಮಾತ್ರೆಯ ಕೆಲಸ ಅದೇ. ಹಾರ್ಮೋನು ಬಂದು ನೋಡಿದರೆ ಅದರ ಜಾಗದಲ್ಲಿ ಮಾತ್ರೆ ಕೂತಿರುತ್ತದೆ. ಕಿಡ್ನಿ ನಿರಾಳವಾಗಿ ಉಪ್ಪು, ನೀರು ಹೊರಗೆ ಬಿಡುತ್ತದೆ.

ಆದರೆ ಪೊಟ್ಯಾಸಿಯಂ ಒಳಗೇ ಉಳಿದುಬಿಡುತ್ತದೆ. ಅದು ಹೆಚ್ಚಾದರೆ ಹೃದಯದ ತಾಳ ತಪ್ಪುತ್ತದೆ. ಎಳನೀರಲ್ಲಿ ತುಂಬಿರುವುದೂ ಅದೇ, ಆದ್ದರಿಂದ ಅದನ್ನು ಮುಟ್ಟಬಾರದು, ವಾರ ಬಿಟ್ಟು ರಕ್ತ ಪರೀಕ್ಷೆ, ಪೊಟ್ಯಾಸಿಯಂ ಏರಿದ್ದರೆ ಮಾತ್ರೆ ಬಂದ್.

"ಬಂದ್ ಮಾಡಿಸ್ಬೇಡ ಕಣಮ್ಮ," ಅಂದರು ತಾತ, ಬಸ್ಸಿನಲ್ಲಿ. "ಇನ್ನೊಂದ್ಸಲ ರೇಷ್ಮೆ ಸೊಪ್ಪಿನ ತೋಟಕ್ಕೆ ನಾನೇ ನಡ್ಕೊಂಡ್ ಹೋಗ್ಬೇಕು."

ಅಲ್ಲೇ ತೀರ್ಮಾನ ಮಾಡಿದೆ. ಒಂದು ತೊಟ್ಟೂ ಅವರ ಗಂಟಲಿಗೆ ಇಳಿಯಬಾರದು.

ಹೇಳುವುದು ಸುಲಭ. ಆಸ್ಪತ್ರೆಯಿಂದ ಬಂದವರನ್ನು ನೋಡಲು ನಮ್ಮ ಕಡೆ ಬರಿಗೈಲಿ ಬರುವವರಿಲ್ಲ, ಬರುವುದು ಎಳನೀರೇ. ಮೊದಲ ದಿನ ನಿಜ ಹೇಳಿ ನೋಡಿದೆ. ಪಕ್ಕದ ಮನೆಯವರು ಮುಖ ಊದಿಸಿಕೊಂಡರು, ತಾತನ ಕಾಲಿಗಿಂತ ಜಾಸ್ತಿ. ಎಳನೀರು ಯಾರಿಗಾದರೂ ಕೆಟ್ಟದ್ದು ಮಾಡುತ್ತಾ ಎಂದು ಸ್ಟ್ರಾ ಹಿಡಿದು ತಾತನ ತುಟಿಯವರೆಗೂ ತಂದರು. ತಾತನಿಗೋ ಬಂದವರಿಗೆ ಬೇಡ ಅನ್ನಲು ಬಾರದು.

ಅವತ್ತಿಂದ ನಾಟಕ ಶುರು. ಕಾಯಿ ಕೆತ್ತಿಕೊಂಡು ಬರುತ್ತೇನೆಂದು ಹಿತ್ತಲಿಗೆ ಹೋಗುವುದು, ನಾನೇ ಗಟಗಟ ಕುಡಿಯುವುದು, ಖಾಲಿ ಕಾಯಿಗೆ ಸ್ಟ್ರಾ ಸಿಕ್ಕಿಸಿ ತಾತನ ಕೈಗಿಡುವುದು. ತಾತ ಕಣ್ಣು ಮುಚ್ಚಿ ಸೊರ್ರೆಂದು ಎಳೆಯುತ್ತಿದ್ದರು. ಎರಡನೇ ದಿನಕ್ಕೆ ತೇಗುವುದನ್ನೂ ಕಲಿತರು. ಬೆಳಿಗ್ಗೆ ಟೊಮೆಟೊ ತೂಗುವ ತಕ್ಕಡಿ ಮೇಲೆ ಅವರನ್ನು ನಿಲ್ಲಿಸಿದರೆ, ಇವತ್ತು ನನ್ನ ರೇಟೆಷ್ಟು ಎಂದು ಕೇಳುತ್ತಿದ್ದರು. ತೂಕ ಇಳಿಯುತ್ತಾ ಬಂತು. ಪಾದದ ಮೂಳೆ ಕಂಡಿತು. ತಾತ ಮಲಗಿ ನಿದ್ದೆ ಮಾಡಿದರು. ತೂಕ ಏರಿದ್ದು ನನ್ನದು.

ರಿಪೋರ್ಟು ಬರುವ ದಿನ ತಾತನ ತಂಗಿ ಚಿಂತಾಮಣಿಯಿಂದ ಬಂದಿಳಿದರು, ಇಡೀ ಗೊನೆಯ ಸಮೇತ. ಆ ವಾರವೇ ಒಂದು ಸಲ ಬಂದು ಅವರು ಕೊಟ್ಟುಹೋಗಿದ್ದ ಕಾಯಿಗಳೆಲ್ಲ ನನ್ನೊಳಗೆ ಸೇರಿದ್ದವು. ತಾತ ಖಾಲಿ ಕಾಯಿ ಹಿಡಿದು ಎಂದಿಗಿಂತ ಚೆನ್ನಾಗಿ ಸೊರ್ರೆನ್ನಿಸಿದರು. ಚಿಂತಾಮಣಿ ಅಜ್ಜಿ ಅಣ್ಣನ ಪಾದ ಒತ್ತಿ ನೋಡಿದರು. ಬೆರಳಿನ ಗುಳಿ ಬೀಳಲಿಲ್ಲ.

"ನೋಡಣ್ಣ, ನನ್ನ ಎಳ್ನೀರು ಹೆಂಗ್ ಇಳಿಸ್ತು," ಅಂದರು. "ದಿನಾ ಕಳಿಸ್ತೀನಿ. ಇನ್ಯಾಕೆ ಈ ಮಾತ್ರೆ, ಬರೀ ಹೀಟು." ಮಾತ್ರೆಯ ಶೀಟನ್ನು ಕಿಟಕಿಯಿಂದ ಎತ್ತಿ ಸೊಂಟಕ್ಕೆ ಸಿಕ್ಕಿಸಿಕೊಂಡರು.

ತಾತ ನನ್ನನ್ನು ನೋಡಿದರು. ನಾನು ಗೊನೆಯನ್ನು ನೋಡಿದೆ. ಮಾತ್ರೆ ಗೆದ್ದಿತ್ತು, ಹೆಸರು ಎಳನೀರಿಗೆ ಬಂದಿತ್ತು, ಕೊಡಿಸಿದವಳು ನಾನು. ಶೀಟು ಕಿತ್ತುಕೊಳ್ಳೋಣವೆಂದು ಎದ್ದೇಬಿಟ್ಟೆ. ಅಷ್ಟರಲ್ಲಿ ಬಾಗಿಲಲ್ಲಿ ಅಮ್ಮ, ಕೈಯಲ್ಲಿ ರಿಪೋರ್ಟು.

"ಪೊಟ್ಯಾಸಿಯಂ ಸರಿಯಾಗಿದ್ಯಂತೆ, ಮಾತ್ರೆ ಬಿಡಂಗಿಲ್ಲ," ಅಂದಳು. ಆಮೇಲೆ ಅಜ್ಜಿಯ ಸೊಂಟದ ಕಡೆ ಕೈ ಚಾಚಿದಳು. "ಕೊಡಿ ಅತ್ತೆ. ಮಾವ ನಿಮ್ಮ ಎಳ್ನೀರು ಒಂದ್ ತೊಟ್ಟೂ ಕುಡಿದಿಲ್ಲ. ಕುಡಿದಿರೋದೆಲ್ಲ ಇವಳು. ಹಿತ್ತಲಿಗೆ ನಾನೇನ್ ಹೋಗಲ್ವಾ?"

ಅಜ್ಜಿ ಶೀಟು ಕೊಟ್ಟರು. ತಾತ ಅಭ್ಯಾಸಬಲದಿಂದ ಖಾಲಿ ಕಾಯಿಯನ್ನು ಇನ್ನೊಮ್ಮೆ ಸೊರ್ರೆನ್ನಿಸಿದರು.