ದೊಡ್ಡಪ್ಪನ ಗಂಟಲು

ನನ್ನ ಗಂಡನ ಮುಖ ಗೊತ್ತಿಲ್ಲದವರು ನಮ್ಮೂರಲ್ಲಿ ಯಾರೂ ಇರಲಿಲ್ಲ. ಅವರ ಧ್ವನಿ ಗೊತ್ತಿದ್ದದ್ದು ಮನೆಯವರಿಗೆ ಮಾತ್ರ.

ಟೀವಿ ಧಾರಾವಾಹಿಯಲ್ಲಿ ಅವರದು ದೊಡ್ಡಪ್ಪನ ಪಾತ್ರ. ಅದಕ್ಕೂ ಮೊದಲು ಮಾಡಿದ್ದೆಲ್ಲ ಪೋಸ್ಟ್‌ಮ್ಯಾನ್, ಪೊಲೀಸ್, ಬಂದ ಕಂತಿನಲ್ಲೇ ಸಾಯುವ ಮಾವ. ಆಳು ಎತ್ತರ, ಮುಖದಲ್ಲಿ ಕಳೆ. ಬಾಯಿ ತೆರೆದರೆ ಮಾತ್ರ ಕೀರಲು. ನಿರ್ದೇಶಕರು ಒಂದು ಸಲ ಕೇಳಿ, "ಸರ್, ನೀವು ತುಟಿ ಆಡಿಸಿ ಸಾಕು" ಎಂದುಬಿಟ್ಟರು. ಧ್ವನಿ ಕೊಟ್ಟವರು ಬೇರೆ, ಒಬ್ಬ ಡಬ್ಬಿಂಗ್ ಕಲಾವಿದ. ಕತ್ತಲೆ ಕೋಣೆಯಲ್ಲಿ ಮೈಕಿನ ಮುಂದೆ ನಿಂತು, ಪರದೆಯ ಮೇಲೆ ನನ್ನವರ ತುಟಿ ನೋಡುತ್ತಾ ಆತ "ನಾನಿದೀನಲ್ಲ, ಮಗಳೇ" ಎಂದರೆ ಮನೆಮನೆಯಲ್ಲೂ ಕಣ್ಣೀರು. ಆತನ ಮುಖ ಯಾರಿಗೂ ಬೇಕಾಗಲಿಲ್ಲ.

ಹೋದಲ್ಲೆಲ್ಲ ಹೆಂಗಸರು ಅದೊಂದು ಮಾತು ಹೇಳಿ ಎಂದು ದುಂಬಾಲು ಬೀಳುತ್ತಿದ್ದರು. ಇವರು ಮುಗುಳ್ನಕ್ಕು ತಲೆಬಾಗಿ ಜಾರಿಕೊಳ್ಳುತ್ತಿದ್ದರು. ಎಂಥಾ ಗಂಭೀರ ಮನುಷ್ಯ ಎಂದು ಜನ ಹೊಗಳುತ್ತಿದ್ದರು! ಮನೆಗೆ ಬಂದು ಚಪ್ಪಲಿ ಬಿಡುವಷ್ಟರಲ್ಲಿ ಕೀರಲು ಶುರು: "ಏ ರಂಪಮ್ಮಾ, ಕಾಫಿ ಇಲ್ವೇನೇ?" ನಾನು ಜಗಳಗಂಟಿ ಎಂದು ಅವರೇ ಇಟ್ಟ ಹೆಸರು. ಬೈಯುತ್ತಲೇ ಕಾಫಿ ಕೊಡುತ್ತಿದ್ದೆ. ಆ ಧ್ವನಿ ನನಗೇ ಮೀಸಲು ಎಂದು ಒಳಗೊಳಗೇ ಹೆಮ್ಮೆ.

ಧಾರಾವಾಹಿ ಮುಗಿಯಿತು. ಬೇರೆ ಪಾತ್ರಕ್ಕೆ ಯಾರೂ ಕರೆಯಲಿಲ್ಲ. ದೊಡ್ಡಪ್ಪ ಕಳ್ಳನಾದರೆ ಜನ ಒಪ್ಪುತ್ತಾರೆಯೇ? ಕೆಲವು ವರ್ಷಗಳಾದ ಮೇಲೆ ಡಬ್ಬಿಂಗ್ ಕಲಾವಿದ ತೀರಿಕೊಂಡ ಸುದ್ದಿ ಬಂತು. ಇವರು ಹೋಗಿ ಕೊನೆಯ ಸಲ ಮುಖ ನೋಡಿಕೊಂಡು ಬಂದರು.

ಮರುದಿನ ಬೆಳಿಗ್ಗೆ ಬಚ್ಚಲಿನಿಂದ ಕೂಗು: "ಟವೆಲ್ ಕೊಡಮ್ಮಾ." ಒಳಗೆ ಯಾರೋ ಪರಗಂಡಸು ಇದ್ದಾನೆಂದು ಪೊರಕೆ ಹಿಡಿದು ಓಡಿದೆ. ನೋಡಿದರೆ ಇವರೇ. ಏನ್ರೀ ಹುಡುಗಾಟ ಎಂದು ರೇಗಿದೆ.

"ಇಲ್ಲಮ್ಮಾ, ಅದೇ ಬರ್ತಿದೆ," ಎಂದರು, ತೀರಿಕೊಂಡ ಆ ಕಲಾವಿದನ ತುಂಬುಗಂಟಲಿನಲ್ಲಿ. ಹೆದರಿ ಗಂಟಲು ಮುಟ್ಟಿಮುಟ್ಟಿ ನೋಡಿಕೊಂಡರು.

ಗಂಟಲಿನ ಡಾಕ್ಟರು ಟಾರ್ಚ್ ಬಿಟ್ಟು ನೋಡಿ ಏನೂ ಇಲ್ಲ ಎಂದರು. ಆಮೇಲೆ ನಾಚುತ್ತಾ, "ಆ ಡೈಲಾಗ್ ಒಂದ್ಸಲ ಹೇಳ್ತೀರಾ?" ಎಂದರು. ಇವರು ಹೇಳಿದರು. ಡಾಕ್ಟರ ಕಣ್ಣು ಒದ್ದೆಯಾಯಿತು. ಇವರ ಹೆದರಿಕೆ ಅಲ್ಲಿಗೆ ಇಳಿಯಿತು, ನನ್ನದು ಏರಿತು.

ಆಮೇಲೆ ಬೀದಿಯಲ್ಲಿ ನಿಂತು ಕೇಳಿದವರಿಗೆಲ್ಲ ಆ ಡೈಲಾಗ್ ಹೇಳತೊಡಗಿದರು. ಮನೆಯಲ್ಲಿ ರಂಪಮ್ಮಾ ಎಂಬ ಕೂಗು ನಿಂತೇ ಹೋಯಿತು. ಜೀವಮಾನವಿಡೀ ಪಾಯಸದಂಥ ಕಾಫಿ ಕುಡಿದವರು ಸಕ್ಕರೆ ಬೇಡ ಎಂದರು.

ಮೊನ್ನೆ ಆ ಕಲಾವಿದನ ಹೆಂಡತಿ ಬಂದರು. ಸುದ್ದಿ ಅವರ ಕಿವಿಗೂ ಬಿದ್ದಿತ್ತಂತೆ. ಸೋಫಾದ ತುದಿಯಲ್ಲಿ ಕೂತು, "ಇನ್ನೇನೂ ಬೇಡ ಅಣ್ಣಾ, ನನ್ನನ್ನೊಂದ್ಸಲ ಕರೀರಿ. ಅವರು ಏನಂತ ಕರೀತಿದ್ರು ಅಂದ್ರೆ..." ಎಂದು ಹೇಳಹೊರಟರು.

ಇವರು ಕಾಯಲಿಲ್ಲ. "ಏನೇ ತೂಕಡಿಕೆ, ಊಟ ಆಯ್ತಾ?"

ಆಕೆ ಅಂಗೈ ಬಾಯಿಗೆ ಒತ್ತಿಕೊಂಡು ಅತ್ತುಬಿಟ್ಟರು. ತೂಕಡಿಕೆ ಎಂಬ ಹೆಸರು ತಮ್ಮಿಬ್ಬರ ಹೊರತು ಯಾರಿಗೂ ಗೊತ್ತಿರಲಿಲ್ಲ ಎಂದು ಹೊರಡುವಾಗ ನನಗೆ ಹೇಳಿದರು. ನನ್ನ ಕೈ ಹಿಡಿದು ಥ್ಯಾಂಕ್ಸ್ ಬೇರೆ.

ಬಾಗಿಲು ಹಾಕಿ ಬಂದು ಇವರೆದುರು ನಿಂತೆ. ಹೊಟ್ಟೆಕಿಚ್ಚೋ ಭಯವೋ, ಅಳು ಒತ್ತರಿಸಿ ಬಂತು. "ರೀ, ನನ್ನನ್ನೂ ಕರೀರಿ. ಯಾವ ಗಂಟಲಲ್ಲಾದ್ರೂ ಸರಿ, ನನ್ನ ಹೆಸರು ಹಿಡಿದು ಕರೀರಿ."

ಇವರು ನನ್ನ ಮುಖವನ್ನೇ ನೋಡಿದರು, ಅಭಿಮಾನಿಗಳನ್ನು ನೋಡುವ ಹಾಗೆ. ತುಟಿ ರಂಪಮ್ಮಾ ಎನ್ನುವಂತೆ ಆಡಿತು. ಸ್ವರ ಹೊರಡಲಿಲ್ಲ. ಆಮೇಲೆ ಎದ್ದು ಬಂದು ನನ್ನ ತಲೆಯ ಮೇಲೆ ಕೈಯಿಟ್ಟರು.

"ಅಳಬೇಡ. ನಾನಿದೀನಲ್ಲ, ಮಗಳೇ."