ಪಚ್ಚೆಯ ಮೇಲಿದ್ದ ಗುರುತು

ತಾಳಿಕೋಟೆಯ ಓಣಿಯಲ್ಲಿ ಒಲೆಗಳಿನ್ನೂ ಹೊತ್ತಿಲ್ಲ, ಮೋದಿನಸಾಬರ ಸಾಣೆ ಆಗಲೇ ತಿರುಗುತ್ತಿದೆ. ಬಲಗೈ ಚಕ್ರ ತಿರುಗಿಸುವ ಕಮಾನು ಎಳೆಯುತ್ತದೆ. ಎಡಗೈ, ಕಡ್ಡಿಯ ತುದಿಗೆ ಅರಗಿನಿಂದ ಅಂಟಿಸಿದ ಹರಳನ್ನು ಸಾಣೆಗೆ ಒತ್ತುತ್ತದೆ. ಅರವತ್ತೊಂದರ ಇವರಿಗೆ ದಿನಕ್ಕೆ ಎಂಟು ಹರಳು ಮುಗಿದರೆ ಹೆಚ್ಚು. ಮೊದಲು ಇಪ್ಪತ್ತಾಗುತ್ತಿದ್ದವು; ಈಗ ಕಣ್ಣು ಮಂಜಾಗಿದೆ.

ಇವರ ಇನ್ನೊಂದು ಕೆಲಸಕ್ಕೆ ಕೂಲಿಯಿಲ್ಲ, ಸನ್ಮಾನವಂತೂ ಇಲ್ಲವೇ ಇಲ್ಲ. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಾಗೇವಾಡಿಯ ಸಂತೆಗಳಲ್ಲಿ ವಯಸ್ಸಾದವರನ್ನು ಹುಡುಕಿ, ಹಳೆಯ ಹರಳುಗಳ ಹೆಸರನ್ನೂ ಅವುಗಳ ಮೇಲೆ ಕೊರೆದ ದೈವದ ಗುರುತುಗಳ ಹೆಸರನ್ನೂ ಕೇಳಿ ಬರೆದುಕೊಳ್ಳುತ್ತಾರೆ. ಇಲ್ಲಿಯವರೆಗೆ ನಾನೂರ ಹನ್ನೆರಡು ಆಗಿವೆ.

"ನಮ್ಮ ಹವಳ ಮರಾಠಿಯವರಿಗೆ ಪೋವಳೆ, ನಮ್ಮಜ್ಜಗ ಮರ್ಜಾನ. ಶಿವನ ತಲಿ ಮ್ಯಾಲಿನ ಎಳೆಚಂದ್ರ ದರ್ಗಾದ ನಿಶಾನಿ ಮ್ಯಾಲ ಹಿಲಾಲ ಆಗ್ತಾನ್ರಿ," ಎನ್ನುತ್ತಾರೆ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಎಂದು ಓಣಿಯವರು ನಗುತ್ತಾರೆ. ಹೆಂಡತಿ ಲಾಲಬಿ ನಗುವುದಿಲ್ಲ. "ಅದು ಹುಚ್ಚಲ್ರಿ, ಮಾಡಿದ ತಪ್ಪಿನ ಸಂಕಟ."

ಆ ತಪ್ಪು 1935ರದು; ಇವರಿಗಾಗ ಇಪ್ಪತ್ತು ವಯಸ್ಸು. ಆಲಮೇಲದ ಸಿದ್ದಲಿಂಗವ್ವ ಲಿಂಗ ಇಡುವ ಬೆಳ್ಳಿಯ ಕರಡಿಗೆ ತಂದಿದ್ದರು. ಅದರ ಪಚ್ಚೆ ಹರಳು ಸಡಿಲಾಗಿತ್ತು, ಗಟ್ಟಿಯಾಗಿ ಕೂಡಿಸಬೇಕಿತ್ತು, ಅಷ್ಟೆ.

"ಹರಳಿನ ಮ್ಯಾಲ ಮೊಳಕಿಯಂಥಾದೊಂದು ಗೀರು, ಕೆಳಗ ಎರಡು ಚುಕ್ಕಿ. ಎಲ್ಲೋ ಬಿದ್ದು ಗೀರಾಗೇತಿ ಅಂತ ತಿಳಕೊಂಡು ತೇದಬಿಟ್ಟೆ. ಮಿಂಚು ಹೊಡಿಯೂ ಹರಳು ಕೊಟ್ಟು ಭಾಳ ಖುಷಿಯಾಗಿದ್ನಿರಿ. ಅವ್ವ ನೋಡಿದಾಕಿನ ನೆಲಕ್ಕ ಕುಂತಬಿಟ್ಟಳು. ಅವರ ಮನಿತನದವರು ಏಳು ತಲಿಯಿಂದ ಕೈ ಮುಗದ ಗುರ್ತರಿ ಅದು."

ಮರಳಿ ಕೊರೆಯಲು ಅವರು ಬಿಡಲಿಲ್ಲ. ಆ ಗುರುತಿನ ಹೆಸರನ್ನಾದರೂ ಹೇಳೆಂದರೆ, "ಅಳಿಸಿದವಗ ಹೆಸರ್ಯಾಕ?" ಎಂದರು. ಇನ್ನೆಂದೂ ಇಂಥದ್ದಾಗಬಾರದೆಂದು ಇವರು ಅಂದಿನಿಂದಲೇ ಹೆಸರು ಬರೆಯತೊಡಗಿದರು. ವರ್ಷಕ್ಕೊಮ್ಮೆ ಆಲಮೇಲಕ್ಕೆ ಹೋಗಿ ಕೇಳುವುದನ್ನೂ ಬಿಟ್ಟಿಲ್ಲ. ಆ ಮನೆಯ ಹಿರಿಯರೆಲ್ಲ ತೀರಿಹೋಗಿ, ಹೆಸರು ಬಲ್ಲವರು ಸಿದ್ದಲಿಂಗವ್ವ ಒಬ್ಬರೇ ಉಳಿದಿದ್ದಾರೆ. ಕೇಳಿದಾಗಲೆಲ್ಲ ಅವರು ಮುಖ ತಿರುಗಿಸುತ್ತಾರೆ. ನಲವತ್ತೊಂದು ವರ್ಷ! ನಾನಾಗಿದ್ದರೆ ಎರಡನೇ ವರ್ಷಕ್ಕೇ ಕೈ ಚೆಲ್ಲುತ್ತಿದ್ದೆ.

ಇವರ ಬಗ್ಗೆ ಪತ್ರಿಕೆಗೆ ಬರೆಯಲು ಬಂದ ನಾನೂ ಈ ಸಲ ಜೊತೆಗಿದ್ದೇನೆ. ಸಿಂದಗಿಯಲ್ಲಿ ಬಸ್ಸು ಬದಲಿಸಿ ಆಲಮೇಲ ತಲುಪುವಷ್ಟರಲ್ಲಿ ಬಿಸಿಲು ನೆತ್ತಿಗೇರಿದೆ. ಸೊಸೆ ಗುರವ್ವ ನೀರು, ಬೆಲ್ಲ ಕೊಡುತ್ತಾಳೆ. ಎಂಬತ್ತು ದಾಟಿದ ಸಿದ್ದಲಿಂಗವ್ವ ಗೋಡೆಗೆ ಒರಗಿ ಕೂತಿದ್ದಾರೆ. ಮೋದಿನಸಾಬ ಹಾಳೆಯ ಮೇಲೆ ಮೊಳಕೆ, ಎರಡು ಚುಕ್ಕಿ ಬರೆದು ಮುಂದಿಡುತ್ತಾರೆ.

"ಯವ್ವಾ, ಈ ವರ್ಷರ ಹೇಳು."

ಅವರು ಮುಖ ತಿರುಗಿಸುವುದಿಲ್ಲ. ಹಾಳೆಯ ಮೇಲೆ ಬೆರಳಾಡಿಸುತ್ತಾರೆ. ತುಟಿ ಅಲುಗುತ್ತದೆ, ನಿಲ್ಲುತ್ತದೆ, ಮತ್ತೆ ಅಲುಗುತ್ತದೆ. ಕೊನೆಗೆ ಇವರ ಕೈ ಹಿಡಿದುಕೊಂಡು ಅಳುತ್ತಾರೆ.

"ಸಿಟ್ಟು ಹೋಗೇತೋ ತಮ್ಮಾ. ಹೆಸರೂ ಹೋಗೇತಿ."

ಹೊರಡುವಾಗ ಮೋದಿನಸಾಬ ಆ ಹಾಳೆಯನ್ನು ನನ್ನ ಕೈಗಿಡುತ್ತಾರೆ.

"ಪೇಪರಿನ್ಯಾಗ ನನ್ನ ಫೋಟೋ ಬ್ಯಾಡ್ರಿ, ಇದನ್ನ ಹಾಕ್ರಿ. ಯಾರಿಗರ ಹೆಸರು ಗೊತ್ತಿದ್ರ ನನಗ ಹೇಳೂದು ಬ್ಯಾಡ. ಅವ್ವಗ ಬಂದು ಹೇಳ್ಲಿ. ಆಕಿ ಇರೂದ್ರಾಗ."