ತೂಕದ ದಿನ ಉಣ್ಣಿಸಿದ ಹುಗ್ಗಿ

ಬಸಣ್ಣ, ಅವತ್ತು ತೂಕ ನೋಡುವುದು ಬೆಳಿಗ್ಗೆ ಹನ್ನೊಂದಕ್ಕೆ ಎಂದು ನನಗೆ ಹಿಂದಿನ ದಿನವೇ ಗೊತ್ತಿತ್ತು. ಗೊತ್ತಿದ್ದೂ ನಿನಗೆ ಹೇಳಲಿಲ್ಲ. ಹೇಳದೆ ಸುಮ್ಮನಿದ್ದೆನೇ ಅಂದರೆ — ಅದೂ ಇಲ್ಲ. ನಿನ್ನನ್ನು ಕುರುಗೋಡಿಗೆ ಕರೆಸಿ, ನಮ್ಮಕ್ಕನ ಪಡಸಾಲೆಯಲ್ಲಿ ಕೂಡಿಸಿ, ಹೊಟ್ಟೆ ಬಿರಿಯುವ ಹಾಗೆ ಉಣ್ಣಿಸಿದೆ. ಹನ್ನೆರಡು ವರ್ಷದಿಂದ ಹೋದಲ್ಲಿ ಬಂದಲ್ಲಿ ನೀನು ಹೊಗಳುತ್ತೀಯಲ್ಲ, ಆ ಊಟ — ಅದೇ ನಾನು ನಿನಗೆ ಮಾಡಿದ ಮೋಸ.

ಆ ಸೀಜನ್ ನೆನಪಿದೆಯಲ್ಲ? ಬಳ್ಳಾರಿಯ ವ್ಯಾಪಾರಸ್ತರು ಸೇರಿ ಸಂಬಳ ಕೊಟ್ಟು ಕಬಡ್ಡಿ ಆಡಿಸಿದ್ದು ಅದೊಂದೇ ವರ್ಷ. ಅಲ್ಲಿಯತನಕ ನಾವು ಮಣ್ಣಿನಲ್ಲಿ ಆಡಿದವರು. ಗೆದ್ದರೆ ಒಂದು ಕಪ್ಪು, ಸೋತರೆ ಒಂದು ಪ್ಲೇಟು ಮಿರ್ಚಿ, ಅಷ್ಟೆ. ಬೆನ್ನಿನ ಮೇಲೆ ನಮ್ಮ ಹೆಸರಿದ್ದ ಅಂಗಿ ತೊಟ್ಟು, ಮ್ಯಾಟಿನ ಮೇಲೆ ಕಾಲಿಟ್ಟದ್ದು ಆಗಲೇ. ಇಬ್ಬರೂ ಬಳ್ಳಾರಿ ತಂಡಕ್ಕೆ ಆಯ್ಕೆಯಾದೆವು. ಆದರೆ ಇಬ್ಬರದೂ ಒಂದೇ ಜಾಗ — ಲೆಫ್ಟ್ ಕಾರ್ನರ್, ನುಗ್ಗಿ ಬಂದ ರೇಡರಿನ ಕಾಲು ಹಿಡಿಯುವ ಜಾಗ. ಅಲ್ಲಿ ನಿಲ್ಲುವವನು ಒಬ್ಬನೇ. ನೀನು ಹಿಡಿದರೆ ರೇಡರ್ ಅಲ್ಲೇ ಕೂತುಬಿಡುತ್ತಿದ್ದ. ನಾನು ಹಿಡಿದರೆ ಹತ್ತಕ್ಕೆ ನಾಲ್ಕು ಸಲ ಜಾರಿಕೊಂಡು ಹೋಗುತ್ತಿದ್ದ. ಕೋಚ್ ಬಾಯಿಬಿಟ್ಟು ಏನೂ ಹೇಳಿರಲಿಲ್ಲ, ಹೇಳಬೇಕಾಗಿಯೂ ಇರಲಿಲ್ಲ. ಬೆಂಚು ಯಾರಿಗೆ ಎಂದು ನನಗೆ ಗೊತ್ತಿತ್ತು.

ನಿನಗಿದ್ದ ತೊಡಕು ಒಂದೇ, ತೂಕ. ಎಂಬತ್ತು ಕೆಜಿ ಮೀರಿದರೆ ಆ ಸೀಜನ್ ಪೂರ್ತಿ ಹೊರಗೆ, ಎರಡನೇ ಮಾತಿಲ್ಲ ಎಂದಿದ್ದರು. ನೀನು ಗೆರೆಯ ಮೇಲೇ ಇದ್ದೆ. "ತೂಕ ಸಂಜಿ ನಾಲ್ಕಕ್ಕ ತಾನ? ಮಧ್ಯಾಹ್ನ ಒಂದು ತಾಸು ಓಡಿ ಬೆವರು ಹರಿಸಿದ್ರ ಆತು" ಎಂದು ನಗುತ್ತಿದ್ದೆ.

ಹಿಂದಿನ ದಿನ ಮಧ್ಯಾಹ್ನ ಮ್ಯಾನೇಜರ್ ನನಗೆ ಫೋನ್ ಮಾಡಿದ. ತೂಕ ಸಂಜೆಗಲ್ಲ, ನಾಳೆ ಬೆಳಿಗ್ಗೆ ಹನ್ನೊಂದಕ್ಕೇ ಇಟ್ಟಿದ್ದಾರೆ ಎಂದ. ನೀನು ಸಿರುಗುಪ್ಪದ ರೈಸ್‌ಮಿಲ್ಲಿನಲ್ಲಿ ಕೆಲಸಕ್ಕಿದ್ದೆ. ಆ ಗದ್ದಲದಲ್ಲಿ ನಿನಗೆ ರಿಂಗಾದದ್ದು ಕೇಳಿಸಿರಲಿಲ್ಲ. "ಬಸಣ್ಣಗ ನೀನ ಹೇಳಿಬಿಡಪ್ಪ, ಖಾಲಿ ಹೊಟ್ಟೀಲೆ ಬರಾಕ ಹೇಳು" ಎಂದ. "ಆತ್ರಿ ಸರ್" ಎಂದೆ. ಸತ್ಯ ಹೇಳುತ್ತೇನೆ, ಹಾಗೆನ್ನುವಾಗ ನನ್ನ ಮನಸ್ಸಿನಲ್ಲಿ ಏನೂ ಇರಲಿಲ್ಲ. ಸಂಜೆ ನೀನು ಫೋನಿಗೆ ಸಿಕ್ಕೆ. ಬಾಯಿ ತೆರೆದೆ — ಬಂದದ್ದು ಬೇರೆಯೇ ಮಾತು. "ಮುಂಜಾನಿ ಕುರುಗೋಡಿಗೆ ಬಾರಲೇ, ಅಕ್ಕ ಗೋಧಿ ಹುಗ್ಗಿ ಮಾಡ್ತಾಳ. ಉಂಡು, ಇಬ್ಬರೂ ಕೂಡಿ ಬಳ್ಳಾರಿಗೆ ಹೋಗೂಣು." ಆಮೇಲೆ ಅಕ್ಕನ ಕೈಯಲ್ಲಿ ಗೋಧಿ ನೆನೆಹಾಕಿಸಿದೆ. ಅವಳಿಗೆ ಇದೊಂದೂ ಗೊತ್ತಿಲ್ಲ, ಇವತ್ತಿಗೂ ಗೊತ್ತಿಲ್ಲ. ತಮ್ಮನ ಗೆಳೆಯ ಬರುತ್ತಾನೆಂದು ತುಪ್ಪ ಕಾಸಿದಳು, ಪಾಪ.

ನೀನು ಬೇಡವೆಂದೆ. ಎರಡನೇ ಸೌಟಿಗೇ ತಾಟಿನ ಮೇಲೆ ಕೈ ಅಡ್ಡ ಹಿಡಿದೆ. "ಸಾಕಲೇ, ಓಡಾಕ ಆಗಂಗಿಲ್ಲ" ಎಂದೆ. ಆಗ ನಾನು ಹೇಳಿದ ಮಾತು ನನ್ನ ಕಿವಿಯಲ್ಲಿ ಇನ್ನೂ ಇದೆ — "ನನ್ನ ಆಣಿ ಐತಿ ನೋಡು, ಅಕ್ಕನ ಮನಸ್ಸು ನೋಯಿಸಬ್ಯಾಡ." ನಮ್ಮ ಕಡೆ ಆಣೆ ಹಾಕಿ ಬಡಿಸಿದ್ದನ್ನು ಯಾರು ಬಿಟ್ಟೇಳುತ್ತಾರೆ? ನೀನಂತೂ ಬಿಡುವವನಲ್ಲ. ತಾಟು ಬಳಿದು ಉಂಡೆ. ಮೇಲೆ ಎರಡು ಚೆಂಬು ಮಜ್ಜಿಗೆ. ನೀನು ಕೈ ತೊಳೆದು ಬರುವುದಕ್ಕೂ ನಾನು ಫೋನು ಕಿವಿಗೆ ಹಿಡಿದು ನಾಟಕ ಮಾಡುವುದಕ್ಕೂ ಸರಿಹೋಯಿತು. "ಅಯ್ಯೋ ಬಸಣ್ಣ, ಈಗ ಫೋನ್ ಬಂತಲೇ! ತೂಕ ಹನ್ನೊಂದಕ್ಕಂತ!"

ಬಳ್ಳಾರಿಯಲ್ಲಿ ತೂಕದ ಕಾಟಾದ ಮೇಲೆ ನೀನು ನಿಂತಾಗ ಒಂಬೈನೂರು ಗ್ರಾಂ ಹೆಚ್ಚು. ಒಂದು ತಾಸು ಟೈಮ್ ಕೊಟ್ಟರು. ಆ ಬಿಸಿಲಿನಲ್ಲಿ ನೀನು ಎರಡು ಸ್ವೆಟರ್ ತೊಟ್ಟು ಮೈದಾನ ಸುತ್ತಿದೆ. ಎರಡು ಸಲ ವಾಂತಿ ಮಾಡಿಕೊಂಡೆ. ಬಂದು ಅಂಗಿ ಕಳಚಿದೆ, ಕೊನೆಗೆ ನಿಮ್ಮಪ್ಪ ಮಾಡಿಸಿದ ಬೆಳ್ಳಿ ಉಡದಾರವನ್ನೂ ಬಿಚ್ಚಿ "ಹಿಡಕೋ" ಎಂದು ನನ್ನ ಕೈಗೇ ಕೊಟ್ಟೆ. ಇನ್ನೂ ನೂರೈವತ್ತು ಗ್ರಾಂ ಹೆಚ್ಚಿತ್ತು. ಆಗಲಾದರೂ ನಾನು ಮ್ಯಾನೇಜರಿಗೆ ನಿಜ ಹೇಳಿದ್ದರೆ — ಹೇಳಲಿಲ್ಲ. ಉಡದಾರ ನಿನಗೆ ವಾಪಸು ಕೊಟ್ಟು, ಹೆಗಲ ಮೇಲೆ ಕೈ ಹಾಕಿ ಸಮಾಧಾನ ಮಾಡಿದೆ. ಥೂ ನನ್ನ!

ಇನ್ನೊಂದನ್ನೂ ಮುಚ್ಚಿಡಬಾರದು. ಆ ಸೀಜನ್ ನನಗೆ ಬಹಳ ಸುಖವಾಗಿತ್ತು. ಕೊಳಗಲ್ಲಿನಿಂದ ಟ್ರಾಕ್ಟರ್ ಕಟ್ಟಿಕೊಂಡು ಬಂದ ಹುಡುಗರು ನನ್ನ ಹೆಸರು ಕೂಗುತ್ತಿದ್ದರು. ಪಾಪಪ್ರಜ್ಞೆ ನಿದ್ದೆಗೆಡಿಸಿತು ಎಂದು ಬರೆದರೆ ಅದು ಎರಡನೇ ಸುಳ್ಳಾಗುತ್ತದೆ. ಚೆನ್ನಾಗಿ ಉಂಡೆ, ಚೆನ್ನಾಗಿ ಆಡಿದೆ, ಚೆನ್ನಾಗಿ ಮಲಗಿದೆ. ಆ ಆಟ ನೋಡಿಯೇ ಒಬ್ಬರು ತಮ್ಮ ಜೀನ್ಸ್ ಯೂನಿಟ್ಟಿಗೆ ಕರೆದರು. ಇವತ್ತು ಅಲ್ಲೇ ಕಟಿಂಗ್ ಮಾಸ್ಟರ್ ಆಗಿದ್ದೇನೆ. ಮನೆ ನೆಟ್ಟಗಿದೆ, ಹೆಂಡತಿ ಒಳ್ಳೆಯವಳು, ಸಂಜೆ ಮಕ್ಕಳಿಗೆ ಕಬಡ್ಡಿ ಹೇಳಿಕೊಡುತ್ತೇನೆ. ನೀನೂ ಮಿಲ್ಲು, ಗದ್ದೆ, ಸಂಸಾರ ಎಂದು ನಕ್ಕೊಂಡೇ ಇದ್ದೀಯ. ಇಬ್ಬರೂ ಸುಖವಾಗಿದ್ದೇವೆ, ಇನ್ನು ಕೆದಕುವುದೇಕೆ ಎಂದು ನನಗೆ ನಾನೇ ಹೇಳಿಕೊಂಡು ಬಂದೆ.

ನೀನು ಮಾತ್ರ ಆ ಕಥೆ ಹೇಳುವಾಗೆಲ್ಲ ನಿನ್ನ ಹೊಟ್ಟೆಯನ್ನೇ ಬೈದುಕೊಳ್ಳುತ್ತೀಯ. "ತೂಕದ ದಿನ ಯಾರರ ಹಂಗ ತಿಂತಾರೇನ್ರಿ? ನನ್ನ ನಾಲಿಗೀನ ನನ್ನ ಹಾಳು ಮಾಡ್ತು." ಜನ ನಗುತ್ತಾರೆ. ನಾನೂ ನಗುತ್ತಿದ್ದೆ.

ಹೋದ ವಾರ ನಿನ್ನ ಮಗಳು ಗೌರಿ ಕಬಡ್ಡಿ ಆಯ್ಕೆಗೆಂದು ಬಳ್ಳಾರಿಗೆ ಬಂದು ನಮ್ಮ ಮನೆಯಲ್ಲಿ ಇಳಿದುಕೊಂಡಿದ್ದಳು. ಹದಿಮೂರು ವರ್ಷದ ಹುಡುಗಿ, ಕಾಲು ಹಿಡಿದರೆ ಥೇಟ್ ನೀನೇ. ನನ್ನ ಹೆಂಡತಿ ರೊಟ್ಟಿ ಬಡಿಸಲು ಹೋದರೆ ತಾಟು ಹಿಂದಕ್ಕೆ ಸರಿಸಿದಳು. "ಬ್ಯಾಡ ಕಾಕಿ. ಅಪ್ಪ ಬಾಯಿರುಚಿಗೆ ಸೀಜನ್ ಕಳಕೊಂಡ. ನಾ ಕಳಕೊಳ್ಳಂಗಿಲ್ಲ." ಅವಳ ಮಿತಿಗಿಂತ ಅವಳು ಆರು ಕೆಜಿ ಕಡಿಮೆಯೇ ಇದ್ದಾಳೆ, ಬಸಣ್ಣ! ಮಾರನೇ ದಿನ ಮ್ಯಾಟಿನ ಮೇಲೆ ಕಣ್ಣುಕತ್ತಲೆ ಬಂದು ಕುಸಿದಳು. ನೀರು ಚಿಮುಕಿಸಿ ಎಬ್ಬಿಸಿದೆ. ಕಣ್ಣು ಬಿಟ್ಟವಳು ಮೊದಲು ಕೇಳಿದ್ದು, "ಕಾಕಾ, ನನ್ನ ತೂಕ ಎಷ್ಟೈತಿ?" ಎಂದು. ತಿನ್ನು ಮಗಳೇ ಎಂದು ಅಂಗಲಾಚಿದೆ. ಕೇಳಲಿಲ್ಲ. ಹೇಗೆ ಕೇಳುತ್ತಾಳೆ? ನಾನು ಹುಟ್ಟಿಸಿದ ಸುಳ್ಳನ್ನು ನೀನು ನಂಬಿದೆ, ನೀನು ನಂಬಿದ್ದನ್ನು ಅವಳು ನಂಬಿದ್ದಾಳೆ. ನೀನು ನಕ್ಕು ಹೇಳುವ ಕಥೆಯನ್ನು ಆ ಕೂಸು ಹೊಟ್ಟೆಗೆ ಕಟ್ಟಿಕೊಂಡು ತಿರುಗುತ್ತಿದೆ.

ನನಗೆ ಬೆಂಚಿನ ಭಯವಿತ್ತು, ವಯಸ್ಸು ಚಿಕ್ಕದಿತ್ತು — ಬರೆಯಲು ಕಾರಣಗಳು ಬೇಕಾದಷ್ಟಿವೆ. ಒಂದನ್ನೂ ಬರೆಯುವುದಿಲ್ಲ. ಈ ಕಾಗದ ನಿನಗೆ ಸೇರಿದ ಮೇಲೆ ಭಾನುವಾರ ಸಿರುಗುಪ್ಪಕ್ಕೆ ಬರುತ್ತೇನೆ. ಕಾಗದ ಬರೆದು ಜಾರಿಕೊಳ್ಳುವುದು ಬೇಡ ಎಂದೇ ಬರುತ್ತಿದ್ದೇನೆ. ಗೌರಿಯನ್ನು ಎದುರಿಗೆ ಕೂಡಿಸು. "ನಿಮ್ಮಪ್ಪ ಬಾಯಿರುಚಿಗೆ ಸೋತಿಲ್ಲವ್ವ, ನನ್ನ ನಂಬಿ ಸೋತಾನ" ಎಂದು ನನ್ನ ಬಾಯಿಂದಲೇ ಹೇಳುತ್ತೇನೆ. ಆಮೇಲೆ ನಿನ್ನ ಮುಖ ನೋಡುವ ಧೈರ್ಯ ನನಗಿರುತ್ತದೋ ಇಲ್ಲವೋ, ಕಾಣೆ. ಹೊರಗೆ ನಡಿ ಎಂದರೆ ನಡೆಯುತ್ತೇನೆ, ಹೊಸ್ತಿಲ ಮೇಲೆ ನಿಲ್ಲುವುದೂ ಇಲ್ಲ. ಅವಳೊಬ್ಬಳು ಹೊಟ್ಟೆ ತುಂಬ ಉಣ್ಣಲಿ.